ಶಾಲೆ ಬಿಡಿಸಿದರೆ ಮಗಳು ಗ್ರ್ಯಾಂಡ್‌ಮಾಸ್ಟರ್ ಆಗ್ತಾಳಾ?

ಪ್ರಶ್ನೆ: ಸರ್, ನಾವು ದಾವಣಗೆರೆಯವರು. ಮಗಳಿಗೆ 12 ವರ್ಷ, ಏಳನೇ ಕ್ಲಾಸು. ಎಂಟನೇ ವಯಸ್ಸಿನಿಂದ ಚೆಸ್ ಆಡುತ್ತಿದ್ದಾಳೆ. 2024ರ ಫೆಬ್ರುವರಿಯಲ್ಲಿ ಅವಳ ಫಿಡೆ (ಅಂತರರಾಷ್ಟ್ರೀಯ ಚೆಸ್ ಸಂಸ್ಥೆ) ರೇಟಿಂಗ್, ಅಂದರೆ ಆಟದ ಬಲ ಅಳೆಯುವ ಅಂಕಿ, 1130 ಇತ್ತು. ಮಾರ್ಚ್‌ನಲ್ಲಿ 1478 ಆಯಿತು. ಈಗ 1612. ದಿವ್ಯಾ ದೇಶಮುಖ್ ಮಹಿಳಾ ಚೆಸ್ ವಿಶ್ವಕಪ್ ಗೆದ್ದಾಗಿನಿಂದ 'ಶಾಲೆ ಬೇಡ, ಚೆಸ್ ಒಂದೇ ಆಡ್ತೀನಿ' ಅಂತ ಹಠ ಹಿಡಿದಿದ್ದಾಳೆ. ಆನ್‌ಲೈನ್‌ನಲ್ಲಿ ಕಲಿಸುವ ಕೋಚ್ ಕೂಡ, 'ಇಷ್ಟು ಬೇಗ ರೇಟಿಂಗ್ ಏರಿದೆ, ಶಾಲೆ ಬಿಡಿಸಿ ಚೆನ್ನೈಗೆ ಕರೆತನ್ನಿ, ಮೂರು ವರ್ಷದಲ್ಲಿ ಟೈಟಲ್ ಮಾಡಿಸ್ತೀನಿ' ಅನ್ನುತ್ತಾರೆ. ಮನೆಯವರದ್ದು ಮಂಡಿಪೇಟೆಯಲ್ಲಿ ಸಣ್ಣ ಅಂಗಡಿ. ನಾನು ಖಾಸಗಿ ಶಾಲೆಯಲ್ಲಿ ಟೀಚರ್. ನಮ್ಮದೊಂದು ಸೈಟ್ ಇದೆ, ಮಾರಿಬಿಡೋಣ ಅಂತಾರೆ ಅವರು. ನಮ್ಮತ್ತೆ ಮಾತ್ರ 'ಚದುರಂಗ ಆಡಿ ಪಾಂಡವ್ರು ಏನಾದ್ರು ಗೊತ್ತೈತಿಲ್ಲೋ?' ಅಂತ ಬಯ್ಯುತ್ತಾರೆ. 12 ವರ್ಷ ಅಂದರೆ ಆಗಲೇ ತಡವಾಯಿತಾ? ಇದರಲ್ಲಿ ಹೊಟ್ಟೆ ತುಂಬುತ್ತಾ? ಯಾರ ಮಾತು ಕೇಳಲಿ?

ಉತ್ತರ: ಮೊದಲು ನಿಮ್ಮತ್ತೆಯವರ ಮಾತು ಮುಗಿಸಿಬಿಡೋಣ, ಅದು ಸುಲಭ. ಪಾಂಡವರು ರಾಜ್ಯ ಕಳೆದುಕೊಂಡದ್ದು ಪಗಡೆಯಲ್ಲಿ, ದಾಳ ಉರುಳಿಸಿ. ಚೆಸ್‌ನಲ್ಲಿ ದಾಳ ಇಲ್ಲ. ಶಕುನಿಯ ಕೈಚಳಕ ಇಲ್ಲಿ ನಡೆಯುವುದಿಲ್ಲ, ಸೋತರೆ ದೂರುವುದಕ್ಕೆ ಅದೃಷ್ಟವೂ ಸಿಗುವುದಿಲ್ಲ. ಹಾಗಂತ ಅಜ್ಜಿಯ ಆತಂಕ ಪೂರ್ತಿ ತಪ್ಪು ಅಂತಲೂ ನಾನು ಹೇಳಲಾರೆ. ಪಣಕ್ಕಿಡುವ ವಿಷಯದಲ್ಲಿ ಅವರಿಗಿರುವ ಹೆದರಿಕೆ ನನಗೂ ಸ್ವಲ್ಪ ಇದೆ. ಮುಂದೆ ಹೇಳುತ್ತೇನೆ.

ನಾನು ಇದೇ ಊರಿನಲ್ಲಿ 20 ವರ್ಷಕ್ಕೂ ಹೆಚ್ಚು ಕಾಲದಿಂದ ಮಕ್ಕಳಿಗೆ ಚೆಸ್ ಕಲಿಸುತ್ತಿದ್ದೇನೆ. ನನ್ನ ರೇಟಿಂಗ್ ಒಮ್ಮೆಯೂ 2000 ಮುಟ್ಟಲಿಲ್ಲ. ಹತ್ತಿರ ಹೋಗಿ ಹೋಗಿ ವಾಪಸ್ ಬಂದವನು. ಇದನ್ನು ಮೊದಲೇ ಹೇಳಿದರೆ ಮುಂದಿನ ಮಾತುಗಳನ್ನು ಎಷ್ಟು ತೂಗಬೇಕು ಅಂತ ನಿಮಗೆ ಗೊತ್ತಾಗುತ್ತದೆ, ಅಲ್ವಾ?

ನಿಮ್ಮ ಪತ್ರದಲ್ಲಿ ನನ್ನ ಕಣ್ಣು ನಿಂತದ್ದು ರೇಟಿಂಗ್ ಲೆಕ್ಕದ ಮೇಲೆ. ಒಂದೇ ತಿಂಗಳಲ್ಲಿ 1130ರಿಂದ 1478! ಹಾಗೆ ಏರುವವರು ತೀರಾ ಅಪರೂಪ, ನಿಮ್ಮ ಮಗಳಂತೂ ಏರಿಲ್ಲ. 2024ರ ಮಾರ್ಚ್ 1ರಂದು ಫಿಡೆ, 2000ಕ್ಕಿಂತ ಕೆಳಗಿದ್ದ ಎಲ್ಲರ ಕ್ಲಾಸಿಕಲ್ (ಗಂಟೆಗಟ್ಟಲೆ ಆಡುವ ಆಟದ) ರೇಟಿಂಗನ್ನೂ ಒಂದೇ ಸಲಕ್ಕೆ ಎತ್ತಿತು. ಕೆಳಗಿನ ಮಟ್ಟದ ಅಂಕಿಗಳು ಕುಸಿದು ಹೋಗಿದ್ದವು, ಅದನ್ನು ಸರಿಪಡಿಸಲು ಮಾಡಿದ ಕೆಲಸ. 2000ಕ್ಕೆ ಎಷ್ಟು ಕಮ್ಮಿ ಇದೆಯೋ ಅದರಲ್ಲಿ ನೂರಕ್ಕೆ 40 ಭಾಗವನ್ನು ಸೇರಿಸಿದರು. ನಿಮ್ಮ ಮಗಳಿಗೆ 870 ಕಮ್ಮಿ ಇತ್ತು. ಅದರ 40 ಭಾಗ 348. 1130ಕ್ಕೆ 348 ಕೂಡಿಸಿದರೆ 1478. ಅವತ್ತು ಅವಳು ಮಲಗಿ ಎದ್ದಿದ್ದರೂ ಅಷ್ಟೇ ಆಗುತ್ತಿತ್ತು. ಆ ದಿನ ಎಷ್ಟೋ ಅಪ್ಪಂದಿರು ನನಗೆ ಫೋನ್ ಮಾಡಿ ಖುಷಿ ಹಂಚಿಕೊಂಡರು. ಹೇಳುವುದಕ್ಕೇ ನನಗೆ ಬೇಜಾರಾಯಿತು.

ಅಂದರೆ ಅವಳು ಆಡಿ ಗಳಿಸಿದ್ದು 134 ಪಾಯಿಂಟ್. ಅದೇನು ಕಮ್ಮಿ ಅಲ್ಲ, ಮೆಚ್ಚಬೇಕಾದ್ದೇ. ಆದರೆ ಇನ್ನೊಂದು ವಿಷಯವೂ ಇದೆ. 18 ವರ್ಷದೊಳಗೆ, 2300ಕ್ಕಿಂತ ಕೆಳಗೆ ಇರುವ ಮಕ್ಕಳ ರೇಟಿಂಗ್ ದೊಡ್ಡವರದಕ್ಕಿಂತ ಜೋರಾಗಿ ಏರುತ್ತದೆ, ಜೋರಾಗಿ ಇಳಿಯುತ್ತದೆ. ತನ್ನಷ್ಟೇ ಬಲದವರನ್ನು ಗೆದ್ದರೆ ಅವಳಿಗೆ 20 ಪಾಯಿಂಟ್. ಒಮ್ಮೆ 2400 ಮುಟ್ಟಿದವರಿಗೆ ಅದೇ ಗೆಲುವಿಗೆ ಸಿಗುವುದು ಬರೀ 5. ಕೆಳಗಿನ ಮೆಟ್ಟಿಲು ಬೇಗ ಹತ್ತಿದಳು ಅಂತ ಮೇಲಿನವೂ ಅದೇ ವೇಗದಲ್ಲಿ ಬರುತ್ತವೆ ಅಂದುಕೊಳ್ಳಬೇಡಿ. ಇದು ನಿಮ್ಮ ಕೋಚ್‌ಗೆ ಗೊತ್ತಿರಲೇಬೇಕು. ಗೊತ್ತಿದ್ದೂ 'ಇಷ್ಟು ಬೇಗ ಏರಿದೆ' ಅಂದಿದ್ದರೆ ನನಗೆ ಆ ಮಾತು ಹಿಡಿಸಲಿಲ್ಲ.

ಅವರ ಇನ್ನೊಂದು ಮಾತೂ ಅಷ್ಟೇ. 'ಟೈಟಲ್ ಮಾಡಿಸ್ತೀನಿ' ಅಂದರಲ್ಲ, ಯಾವ ಟೈಟಲ್ ಅಂತ ಕೇಳಿದಿರಾ? ಹುಡುಗಿಯರಿಗೆ ಡಬ್ಲ್ಯುಸಿಎಂ (ಮಹಿಳಾ ಕ್ಯಾಂಡಿಡೇಟ್ ಮಾಸ್ಟರ್) ಅಂತ ಒಂದಿದೆ, 2000 ಮುಟ್ಟಿದರೆ ಸಿಗುತ್ತದೆ. ಅದರ ಮೇಲೆ 2100ಕ್ಕೆ ಡಬ್ಲ್ಯುಎಫ್‌ಎಂ (ಮಹಿಳಾ ಫಿಡೆ ಮಾಸ್ಟರ್). ಆಮೇಲೆ ಮಹಿಳಾ ಇಂಟರ್‌ನ್ಯಾಷನಲ್ ಮಾಸ್ಟರ್, ಮಹಿಳಾ ಗ್ರ್ಯಾಂಡ್‌ಮಾಸ್ಟರ್. ಗಂಡು ಹೆಣ್ಣು ಅಂತ ಭೇದ ಇಲ್ಲದ ಗ್ರ್ಯಾಂಡ್‌ಮಾಸ್ಟರ್ (ಜಿಎಂ), ಅಂದರೆ ಚೆಸ್‌ನ ಅತಿ ದೊಡ್ಡ ಪಟ್ಟ, ಆಗಲು 2500 ರೇಟಿಂಗ್ ಬೇಕು, ಜೊತೆಗೆ ಮೂರು ನಾರ್ಮ್. ಒಂದು ನಾರ್ಮ್ ಅಂದರೆ ಸಾಮಾನ್ಯವಾಗಿ ಒಂಬತ್ತು ಸುತ್ತಿನ ಟೂರ್ನಿಯಲ್ಲಿ 2600 ಮಟ್ಟದ ಆಟ. ಎದುರಾಳಿಗಳಲ್ಲಿ ಗ್ರ್ಯಾಂಡ್‌ಮಾಸ್ಟರ್‌ಗಳು ಇಷ್ಟು, ಬೇರೆ ದೇಶದವರು ಇಷ್ಟು ಇರಬೇಕು ಅಂತ ನಿಯಮ. ನಮ್ಮ ಹುಡುಗರು ಸರ್ಬಿಯಾ, ಹಂಗೇರಿ, ಸ್ಪೇನ್ ಅಂತ ಸುತ್ತುವುದು ಇದೇ ಕಾರಣಕ್ಕೆ. ಸೈಟ್ ಮಾರಿದ ದುಡ್ಡು ಹೋಗುವುದೂ ಅಲ್ಲಿಗೇ. ಡಬ್ಲ್ಯುಸಿಎಂಗೂ ಜಿಎಂಗೂ ನಡುವೆ ಇರುವ ದೂರ ಎಷ್ಟೆಂದರೆ, ಮೊದಲನೆಯದನ್ನು ಕೊಟ್ಟು 'ಮಾತು ಉಳಿಸಿಕೊಂಡೆ' ಅಂತ ಯಾರು ಬೇಕಾದರೂ ಹೇಳಬಹುದು.

ಈಗ ಶಾಲೆಯ ವಿಷಯ. ಗುಕೇಶ್ ನಾಲ್ಕನೇ ಕ್ಲಾಸಿನ ನಂತರ ಪೂರ್ತಿ ಹೊತ್ತಿನ ಶಾಲೆ ನಿಲ್ಲಿಸಿದ, 12 ವರ್ಷ 7 ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್ ಆದ, 2024ರ ಡಿಸೆಂಬರ್‌ನಲ್ಲಿ ಸಿಂಗಪುರದಲ್ಲಿ ಡಿಂಗ್ ಲಿರೆನ್‌ರನ್ನು ಸೋಲಿಸಿ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದ. ಇದೆಲ್ಲ ನಿಜ. ಈ ಕಥೆ ಕೇಳಿದ ಪ್ರತಿ ಮನೆಯಲ್ಲೂ ನೆನಪಿನಲ್ಲಿ ಉಳಿಯುವುದು 'ಶಾಲೆ ಬಿಟ್ಟ' ಅನ್ನುವ ಒಂದು ತುಂಡು. ಅದಕ್ಕೂ ಮುಂಚೆ ಏನಾಗಿತ್ತು? 2015ರಲ್ಲೇ ಅವನು 9 ವರ್ಷದೊಳಗಿನ ಏಷ್ಯನ್ ಶಾಲಾ ಚಾಂಪಿಯನ್ ಆಗಿದ್ದ. ಏಷ್ಯಾಕ್ಕೇ ಮೊದಲಿಗನಾದ ಮೇಲೆ ಶಾಲೆ ಬಿಟ್ಟವನು ಅವನು. ಮನೆ ಹೇಗಿತ್ತು? ತಂದೆ ಇಎನ್‌ಟಿ ಸರ್ಜನ್. ಮಗನ ಜೊತೆ ತಿರುಗಲು ಪ್ರಾಕ್ಟೀಸ್ ಬಿಟ್ಟರು. ತಾಯಿ ಮೈಕ್ರೋಬಯಾಲಜಿಸ್ಟ್, ಅವರ ಸಂಬಳದಲ್ಲಿ ಮನೆ ನಡೆಯಿತು. ಅಷ್ಟಿದ್ದೂ ದುಡ್ಡು ಸಾಲದೆ ಸ್ನೇಹಿತರು ಕೈಹಿಡಿದರು. ಮಗನ ಆಟ ಸರಿಹೋಗದಿದ್ದರೆ ಆ ತಂದೆ ಮತ್ತೆ ಕ್ಲಿನಿಕ್ ತೆರೆಯಬಹುದಿತ್ತು. ಒಂದು ಸಲ ಮಾರಿದ ಸೈಟನ್ನು ನೀವು ಅದೇ ಬೆಲೆಗೆ ಮತ್ತೆ ಕೊಳ್ಳಲು ಆಗುತ್ತದೆಯೇ?

ಇನ್ನೂ ಒಂದು. ಗುಕೇಶ್‌ಗೆ, ಗ್ರ್ಯಾಂಡ್‌ಮಾಸ್ಟರ್ ಪ್ರಜ್ಞಾನಂದನಿಗೆ, ಹಿಂದಿನ ವಿಶ್ವ ಚಾಂಪಿಯನ್ ಆನಂದ್‌ಗೆ ಚೆನ್ನೈ ಅಂದರೆ ಮನೆ ಇರುವ ಊರು. ಸಂಜೆ ಕ್ಲಾಸ್ ಮುಗಿಸಿ ಮನೆಗೆ ಹೋಗಿ ಊಟ ಮಾಡಿ ಮಲಗುತ್ತಿದ್ದರು. ನಿಮಗೆ ಅದು ವಲಸೆ. ಬಾಡಿಗೆ ಮನೆ, ಗೊತ್ತಿಲ್ಲದ ಭಾಷೆ, ಅಪ್ಪ ಒಂದು ಕಡೆ, ಅಮ್ಮ ಮಗಳು ಇನ್ನೊಂದು ಕಡೆ. ಪ್ರಜ್ಞಾನಂದನ ತಾಯಿ ನಾಗಲಕ್ಷ್ಮಿಯವರು ವಿದೇಶಕ್ಕೆ ಹೋಗುವಾಗಲೂ ಕುಕ್ಕರ್ ಒಯ್ದು ಮಗನಿಗೆ ಅನ್ನ-ರಸಂ ಮಾಡಿಕೊಡುತ್ತಾರೆ ಅಂತ ನೀವೂ ಓದಿರುತ್ತೀರಿ. ಎಲ್ಲರೂ ಆ ಕುಕ್ಕರ್ ಬಗ್ಗೆ ನಗುತ್ತಾ ಮಾತಾಡುತ್ತಾರೆ. ನನಗೆ ಕಾಣುವುದು, ಮಕ್ಕಳ ಹಿಂದೆ ಊರೂರು ಅಲೆದ ಆ ತಾಯಿಯ ವರ್ಷಗಳು. ಬ್ಯಾಂಕ್ ಕೆಲಸ ಮಾಡಿಕೊಂಡು ತಂದೆ ಖರ್ಚು ನೋಡಿಕೊಂಡರು. ಮಗಳು ವೈಶಾಲಿಯೂ 2023ರಲ್ಲಿ ಗ್ರ್ಯಾಂಡ್‌ಮಾಸ್ಟರ್ ಆದಳು, 22ನೇ ವಯಸ್ಸಿಗೆ.

ಚೆನ್ನೈಗೆ ಹೋಗದೆ ಆಗುವುದೇ ಇಲ್ಲ ಅನ್ನುವುದೂ ಸುಳ್ಳು. 2800 ರೇಟಿಂಗ್ ದಾಟಿದ ಅರ್ಜುನ್ ಎರಿಗೈಸಿ ವಾರಂಗಲ್ ಕಡೆಯವನು. ಗ್ರ್ಯಾಂಡ್‌ಮಾಸ್ಟರ್ ವಿದಿತ್ ನಾಸಿಕ್‌ನವರು. ನಿಮ್ಮ ಮಗಳ ಮೆಚ್ಚಿನ ದಿವ್ಯಾ ನಾಗಪುರದವಳು. ನಮ್ಮ ಪಕ್ಕದ ಶಿವಮೊಗ್ಗದಿಂದ ಸ್ಟಾನಿ ಗ್ರ್ಯಾಂಡ್‌ಮಾಸ್ಟರ್ ಆದರು. ಹೊನ್ನಾಳಿ ದಾಟಿದರೆ ಶಿವಮೊಗ್ಗ. ಒಳ್ಳೆಯ ಕೋಚ್ ಈಗ ಕಂಪ್ಯೂಟರ್ ಪರದೆಯಲ್ಲೇ ಸಿಗುತ್ತಾರೆ. ಸಣ್ಣ ಊರಿನಲ್ಲಿ ನಿಜವಾಗಿ ಸಿಗದಿರುವುದು ಎದುರು ಕೂತು ಆಡುವ ಗಟ್ಟಿ ಜೊತೆಗಾರರು. ದಾವಣಗೆರೆಯಲ್ಲಿ 1600ರ ಹುಡುಗಿಗೆ ವಾರಾವಾರ ಸವಾಲು ಹಾಕುವವರು ಬೆರಳೆಣಿಕೆ. ಇದು ನಿಜವಾದ ಕೊರತೆ, ಮುಚ್ಚಿಡುವುದಿಲ್ಲ.

'12 ವರ್ಷ ತಡವಾ' ಅಂತ ಕೇಳಿದ್ದೀರಿ. ಗುಕೇಶ್ ದಾಖಲೆ ಮುರಿಯುವುದಕ್ಕೆ ತಡ. ಒಳ್ಳೆಯ ಆಟಗಾರ್ತಿ ಆಗುವುದಕ್ಕೆ ಖಂಡಿತ ಅಲ್ಲ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ತೇಜ್‌ಕುಮಾರ್. ಅವರು ರೈಲ್ವೆ ನೌಕರಿ ಮಾಡುತ್ತಲೇ ಆಡಿದವರು, 2017ರಲ್ಲಿ ಮೂವತ್ತು ದಾಟಿದ ಮೇಲೆ ಆ ಪಟ್ಟ ಸಿಕ್ಕಿತು. ಆನಂದ್ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ. ಅಲ್ಲಿಂದ ನಮ್ಮ ರಾಜ್ಯಕ್ಕೆ ಒಬ್ಬರು ಬರಲು 29 ವರ್ಷ ಬೇಕಾಯಿತು ನೋಡಿ. ಅಂದಹಾಗೆ ಆನಂದ್ ಶಾಲೆ ಬಿಡಲಿಲ್ಲ. ಚೆನ್ನೈನ ಲೊಯೋಲ ಕಾಲೇಜಿನಲ್ಲಿ ಬಿ.ಕಾಂ. ಮಾಡಿದರು. ಅದಕ್ಕೂ ಹಿಂದೆ ಹೋದರೆ ವಿಶ್ವ ಚಾಂಪಿಯನ್ ಯೂವೆ ಗಣಿತದ ಮೇಷ್ಟ್ರು, ಬೋತ್ವಿನ್ನಿಕ್ ಎಲೆಕ್ಟ್ರಿಕಲ್ ಎಂಜಿನಿಯರ್. ಅದು ಬೇರೆ ಕಾಲ ಅನ್ನಬಹುದು, ಒಪ್ಪುತ್ತೇನೆ. ಈಗ ಪೈಪೋಟಿ ಜಾಸ್ತಿ.

ದಿವ್ಯಾಳನ್ನು ಸ್ವಲ್ಪ ನೋಡೋಣ, ಹಠ ಶುರುವಾದದ್ದೇ ಅಲ್ಲಿಂದ. 2025ರ ಜುಲೈನಲ್ಲಿ ಜಾರ್ಜಿಯಾದ ಬಟೂಮಿಯಲ್ಲಿ ನಡೆದ ವಿಶ್ವಕಪ್‌ಗೆ ಅವಳು ಹೋದದ್ದು 15ನೇ ಸೀಡ್ ಆಗಿ, ಅಂದರೆ ರೇಟಿಂಗ್ ಕ್ರಮದಲ್ಲಿ 15ನೆಯವಳಾಗಿ. ಕೈಯಲ್ಲಿ ಒಂದೂ ಜಿಎಂ ನಾರ್ಮ್ ಇರಲಿಲ್ಲ. ಫೈನಲ್‌ನಲ್ಲಿ ಕೊನೇರು ಹಂಪಿಯನ್ನು ಸೋಲಿಸಿ ವಿಶ್ವಕಪ್ ಗೆದ್ದಳು, ಆ ಗೆಲುವಿನಿಂದ ನಾರ್ಮ್ ಇಲ್ಲದೆಯೇ ನೇರವಾಗಿ ದೇಶದ 88ನೇ ಗ್ರ್ಯಾಂಡ್‌ಮಾಸ್ಟರ್ ಆದಳು. ಟಿವಿಯಲ್ಲಿ ಕಂಡದ್ದು ಇಷ್ಟು. ಹಿಂದಿನ ವರ್ಷವೇ ಅವಳು ಬಾಲಕಿಯರ ವಿಶ್ವ ಜೂನಿಯರ್ ಚಾಂಪಿಯನ್ ಆಗಿದ್ದಳು, ಬುಡಾಪೆಸ್ಟ್ ಒಲಿಂಪಿಯಾಡ್‌ನಲ್ಲಿ ಚಿನ್ನ ತಂದ ತಂಡದಲ್ಲಿದ್ದಳು. ಮಗಳಿಗೆ ಫೈನಲ್‌ನಲ್ಲಿ ಸೋತ ಹಂಪಿಯ ಕಥೆಯನ್ನೂ ಹೇಳಿ. 2002ರಲ್ಲಿ 15ನೇ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್. ಓಎನ್‌ಜಿಸಿಯಲ್ಲಿ ಕೆಲಸ. 2017ರಲ್ಲಿ ಮಗು ಆಯಿತು, ಆಟದಿಂದ ದೂರ ಉಳಿದರು. ಮರಳಿ ಬಂದು 2019ರಲ್ಲಿ ಬೇಗ ಮುಗಿಯುವ ಆಟಗಳ ಟೂರ್ನಿಯಾದ ವಿಶ್ವ ರ್‍ಯಾಪಿಡ್ ಗೆದ್ದರು, 2024ರಲ್ಲಿ 37ನೇ ವಯಸ್ಸಿಗೆ ಅದನ್ನೇ ಮತ್ತೆ ಗೆದ್ದರು. ನಾನು ಹೆಣ್ಣುಮಕ್ಕಳ ತಂದೆ-ತಾಯಿಗೆ ದಿವ್ಯಾಗಿಂತ ಹಂಪಿಯ ಹೆಸರನ್ನೇ ಜಾಸ್ತಿ ಹೇಳುವುದು ಇದಕ್ಕೇ.

ಹೊಟ್ಟೆ ತುಂಬುತ್ತಾ ಅನ್ನುವುದಕ್ಕೆ ನೇರವಾಗಿ ಹೇಳುತ್ತೇನೆ. ಬಹುಮಾನದ ದುಡ್ಡಿನಲ್ಲೇ ಬದುಕುವವರು ಜಗತ್ತಿನಲ್ಲಿ ತೀರಾ ಕಡಿಮೆ. 2024ರ ವಿಶ್ವ ಚಾಂಪಿಯನ್‌ಷಿಪ್‌ನ ಒಟ್ಟು ಬಹುಮಾನ 25 ಲಕ್ಷ ಡಾಲರ್. ಆದರೆ ಅಲ್ಲಿ ಕೂರುವವರು ಇಬ್ಬರೇ. ಉಳಿದ ಗ್ರ್ಯಾಂಡ್‌ಮಾಸ್ಟರ್‌ಗಳು ಏನು ಮಾಡುತ್ತಾರೆ? ಕಲಿಸುತ್ತಾರೆ, ಯುರೋಪಿನ ಲೀಗ್‌ಗಳಲ್ಲಿ ಕ್ಲಬ್ ಪರ ಆಡುತ್ತಾರೆ, ಯೂಟ್ಯೂಬ್‌ನಲ್ಲಿ ಕಾಮೆಂಟರಿ ಮಾಡುತ್ತಾರೆ, ಇನ್ನು ಕೆಲವರು ತೈಲ ಕಂಪನಿ, ರೈಲ್ವೆ ಇಂಥ ಕಡೆ ಕ್ರೀಡಾ ಕೋಟಾದಲ್ಲಿ ಕೆಲಸಕ್ಕಿರುತ್ತಾರೆ. ಅಂಥ ಕೆಲಸಕ್ಕೂ ಸಾಮಾನ್ಯವಾಗಿ ಓದಿನ ಸರ್ಟಿಫಿಕೇಟ್ ಬೇಕಾಗುತ್ತದೆ, ಇದನ್ನು ಮರೆಯಬೇಡಿ. ಮೊದಲ ಅಧಿಕೃತ ವಿಶ್ವ ಚಾಂಪಿಯನ್ ಸ್ಟೈನಿಟ್ಜ್ 1900ರಲ್ಲಿ ಬಡತನದಲ್ಲೇ ಸತ್ತರು. ಈಗ ಹಾಗಿಲ್ಲ. ಆಟದಲ್ಲಿ ಗಟ್ಟಿ ಇದ್ದವರು ಕಲಿಸಿ ಬದುಕಬಹುದು. 2000 ಮುಟ್ಟದ ನಾನೂ ಇದರಲ್ಲೇ ಮನೆ ಕಟ್ಟಿಸಿದ್ದೇನೆ. ಆದರೆ ಸಂಜೆ ಹೊತ್ತು, ಭಾನುವಾರ, ಹಬ್ಬ, ಯಾವುದೂ ನಮ್ಮದಲ್ಲ.

ನನ್ನ ಬಳಿ ಚಿತ್ರದುರ್ಗದ ಕಡೆಯಿಂದ ಒಬ್ಬ ಹುಡುಗ ಬರುತ್ತಿದ್ದ. ವಾರಕ್ಕೆರಡು ದಿನ ಬಸ್ಸಿನಲ್ಲಿ ಬಂದು ಹೋಗುತ್ತಿದ್ದ. ನಿಮ್ಮ ಮಗಳಿಗಿಂತ ಗಟ್ಟಿ ಆಟ, ರೇಟಿಂಗ್ 1900ರ ಹತ್ತಿರ. ಒಂಬತ್ತನೇ ಕ್ಲಾಸಿನಲ್ಲಿ ಶಾಲೆ ಬಿಡಿಸಿ ದೊಡ್ಡ ಊರಿಗೆ ಕಳಿಸಿದರು. ಅವತ್ತು ನಾನು ಬೇಡ ಅನ್ನಲಿಲ್ಲ. ಹೆಮ್ಮೆಯಿಂದಲೇ ಕಳಿಸಿದೆ, ಆ ತಪ್ಪು ನನ್ನದೂ ಹೌದು. ಎರಡು ವರ್ಷದಲ್ಲಿ ಅವನ ರೇಟಿಂಗ್ 150ರಷ್ಟು ಏರಿ ಅಲ್ಲೇ ನಿಂತಿತು. ಪ್ರತಿಭೆ ಕಮ್ಮಿ ಆಗಿರಲಿಲ್ಲ. ಶಾಲೆಯಲ್ಲಿದ್ದಾಗ ಅವನು ಒಂದು ಆಟ ಸೋತರೆ ಸೋಮವಾರ ಗೆಳೆಯರು, ಕ್ರಿಕೆಟ್ಟು, ಪರೀಕ್ಷೆ ಅಂತ ಮರೆಯುತ್ತಿದ್ದ. ಶಾಲೆ ಬಿಟ್ಟ ಮೇಲೆ ಸೋಮವಾರವೂ ಅದೇ ಬೋರ್ಡು, ಅದೇ ಸೋಲು. ಅಪ್ಪ ಮಾಡಿದ ಸಾಲ ಪ್ರತಿ ನಡೆಯಲ್ಲೂ ಎದುರಿಗೆ ಕೂತಿರುತ್ತಿತ್ತು. ಗೆಲ್ಲುವ ಆಟದಲ್ಲೂ ಹೆದರಿ ಡ್ರಾ ಕೇಳುವುದು ಶುರುವಾಯಿತು. ಆ ಅಭ್ಯಾಸ ಬಂದರೆ ಬಿಡಿಸುವುದು ಬಹಳ ಕಷ್ಟ. ಕೊನೆಗೆ ವಾಪಸ್ ಬಂದ, ಖಾಸಗಿಯಾಗಿ ಎಸ್ಸೆಸ್ಸೆಲ್ಸಿ ಕಟ್ಟಿದ, ಈಗ ಎಂಜಿನಿಯರ್. ರಜೆಯಲ್ಲಿ ಬಂದರೆ ನನ್ನ ಜೊತೆ ಆಡಿ ಸೋಲಿಸಿ ಹೋಗುತ್ತಾನೆ. ಆಗಿನಕ್ಕಿಂತ ಈಗ ಚೆನ್ನಾಗಿ ಆಡುತ್ತಾನೆ.

ನಿಮ್ಮ ಮುಂದಿರುವ ದಾರಿ ಮೂರು. ಒಂದು, ಚೆನ್ನೈಗೆ ಹೋಗಿ ಶಾಲೆ ಬಿಡಿಸುವುದು. ಅದರ ಬಗ್ಗೆ ಹೇಳಿಯಾಯಿತು. ಹೋಗಲೇಬೇಕು ಅಂದರೂ ಓದನ್ನು ಪೂರ್ತಿ ಕಡಿಯಬೇಡಿ. ಎನ್‌ಐಒಎಸ್ ಮುಕ್ತ ಶಾಲೆಯಲ್ಲಿ 14 ವರ್ಷ ತುಂಬಿದ ಮೇಲೆ ಹತ್ತನೇ ತರಗತಿ ಪರೀಕ್ಷೆ ಬರೆಯಬಹುದು. ಎರಡು, ಬೆಂಗಳೂರು ಅಥವಾ ಮೈಸೂರಿಗೆ ಹೋಗಿ, ಹಾಜರಾತಿಯಲ್ಲಿ ಸ್ವಲ್ಪ ಸಡಿಲ ಬಿಡುವ ಶಾಲೆಗೆ ಸೇರಿಸುವುದು. ಜೊತೆಗಾರರು ಸಿಗುತ್ತಾರೆ, ಭಾಷೆಯೂ ನಮ್ಮದೇ. ಆದರೆ ಬಾಡಿಗೆ ಬೀಳುತ್ತದೆ, ನಿಮ್ಮ ಕೆಲಸ ಹೋಗುತ್ತದೆ. ಈಗಲೇ ಅದರ ಅವಸರ ನನಗೆ ಕಾಣುವುದಿಲ್ಲ.

ನಾನಾಗಿದ್ದರೆ ಮೂರನೆಯದನ್ನು ಹಿಡಿಯುತ್ತಿದ್ದೆ. ಇನ್ನು ಎರಡು ವರ್ಷ ಇಲ್ಲೇ ಇರಲಿ, ಒಂಬತ್ತನೇ ಕ್ಲಾಸ್ ಮುಗಿಯುವವರೆಗೆ. ಶಾಲೆಯವರ ಹತ್ತಿರ ಕೂತು ಮಾತಾಡಿ, ಟೂರ್ನಿ ದಿನಗಳ ರಜೆಯನ್ನು ಮೊದಲೇ ಬರೆಸಿಕೊಳ್ಳಿ. ನೀವೇ ಟೀಚರ್, ಹೇಗೆ ಕೇಳಬೇಕು ಅಂತ ನನಗಿಂತ ಚೆನ್ನಾಗಿ ಗೊತ್ತು. ದಸರಾ ರಜೆ, ಬೇಸಿಗೆ ರಜೆಯಲ್ಲಿ ದೊಡ್ಡ ಓಪನ್ ಟೂರ್ನಿ ಆಡಿಸಿ. ವಯಸ್ಸಿನ ಗುಂಪಿನ ಟೂರ್ನಿಗಿಂತ ದೊಡ್ಡವರ ಜೊತೆ ಆಡುವ ಓಪನ್ ಒಳ್ಳೆಯದು. ಟ್ರೋಫಿ ಕಡಿಮೆ ಬರುತ್ತವೆ, ಆಟ ಬೆಳೆಯುತ್ತದೆ. ದಿನಕ್ಕೆ ಎರಡೂವರೆ ಗಂಟೆ ಅಭ್ಯಾಸ ಸಾಕು. ಅದರಲ್ಲಿ ಮೊಬೈಲ್‌ನ ಮೂರು ನಿಮಿಷದ ಆಟ ಲೆಕ್ಕಕ್ಕಿಲ್ಲ. ಎಂಡ್‌ಗೇಮ್ (ಆಟದ ಕೊನೆಯ ಹಂತ) ಮತ್ತು ಮುಂದಿನ ನಡೆಗಳ ಲೆಕ್ಕ ಹಾಕುವುದಕ್ಕೆ ಹೆಚ್ಚು ಹೊತ್ತು ಕೊಡಿ, ಓಪನಿಂಗ್ (ಆರಂಭದ ನಡೆಗಳು) ಬಾಯಿಪಾಠಕ್ಕೆ ಕಮ್ಮಿ. ಎಂಜಿನ್, ಅಂದರೆ ಒಳ್ಳೆಯ ನಡೆ ತೋರಿಸುವ ಕಂಪ್ಯೂಟರ್ ಪ್ರೋಗ್ರಾಂ, ಮುಚ್ಚಿಡಿ. ಗುಕೇಶ್‌ಗೆ ಅವನ ಕೋಚ್ ವಿಷ್ಣು ಪ್ರಸನ್ನ ವರ್ಷಗಟ್ಟಲೆ ಎಂಜಿನ್ ಮುಟ್ಟಿಸದೆ ಕಲಿಸಿದರು. ಇದನ್ನು ಯಾರೂ ಅನುಸರಿಸುವುದಿಲ್ಲ, ಶಾಲೆ ಬಿಡಿಸುವುದನ್ನು ಮಾತ್ರ ಅನುಸರಿಸುತ್ತಾರೆ!

ಈ ದಾರಿಯಲ್ಲಿ ಅಪಾಯ ಇಲ್ಲವಾ? ಇದೆ. ಎಂಟನೇ ಕ್ಲಾಸಿನಿಂದ ಓದು ಏರುತ್ತದೆ, ಟ್ಯೂಷನ್ ಬರುತ್ತದೆ, ಎರಡು ದೋಣಿಯಲ್ಲಿ ಕಾಲಿಟ್ಟ ಹಾಗೆ ಆಗಬಹುದು. ನಿಜವಾಗಲೂ ಮೇಲಿನ ಮಟ್ಟದ ಆಟ ಅವಳಲ್ಲಿದ್ದರೆ ಎರಡು ವರ್ಷ ನಿಧಾನವಾಗಬಹುದು. ಆ ನಷ್ಟವನ್ನು ಆಮೇಲೆ ಕಷ್ಟಪಟ್ಟಾದರೂ ತುಂಬಿಕೊಳ್ಳಬಹುದು ಅಂತ ನನ್ನ ಲೆಕ್ಕ. ಎರಡು ವರ್ಷದ ಕೊನೆಗೆ 2000 ದಾಟಿ, ಇನ್ನೂ ಏರುತ್ತಿದ್ದರೆ, ಆಗ ಊರು ಬಿಡುವ ಮಾತಾಡೋಣ. ಅಲ್ಲಿಯವರೆಗೆ ಸೈಟ್ ಮುಟ್ಟಬೇಡಿ. ನಿಮ್ಮ ಮನೆಯವರಿಗೆ ಇದನ್ನು ನಾನೇ ಹೇಳಬೇಕಾದರೂ ಹೇಳುತ್ತೇನೆ.

ಈ ಎರಡು ವರ್ಷದಲ್ಲಿ ರೇಟಿಂಗ್‌ಗಿಂತ ಹೆಚ್ಚಾಗಿ ಗಮನಿಸಬೇಕಾದದ್ದು ಒಂದಿದೆ. ಆಟ ಸೋತು ಹಾಲ್‌ನಿಂದ ಹೊರಗೆ ಬಂದಾಗ ಅವಳು ಏನು ಮಾಡುತ್ತಾಳೆ? ಅಳಲಿ ಬಿಡಿ, ಅತ್ತರೆ ತಪ್ಪಿಲ್ಲ, ಚೆನ್ನಾಗಿ ಆಡುವ ಮಕ್ಕಳೂ ಅಳುತ್ತವೆ. ಅತ್ತು ಮುಗಿದ ಮೇಲೆ ಅವತ್ತೋ ಮರುದಿನವೋ, ಯಾರೂ ಹೇಳದೆ, ತಾನೇ ಸ್ಕೋರ್‌ಶೀಟ್ (ಆಟದ ನಡೆಗಳನ್ನು ಬರೆದ ಹಾಳೆ) ತೆಗೆದು ಎಲ್ಲಿ ತಪ್ಪಿದೆ ಅಂತ ಹುಡುಕುತ್ತಾಳಾ? ಹುಡುಕುವಾಗ ಹೊತ್ತು ಮರೆಯುತ್ತಾಳಾ? ಅಥವಾ ಆ ಹಾಳೆಯನ್ನು ಬ್ಯಾಗಿಗೆ ತುರುಕಿ ಮೊಬೈಲ್ ಹಿಡಿಯುತ್ತಾಳಾ? ಟ್ರೋಫಿಯ ಆಸೆ ಎಲ್ಲ ಮಕ್ಕಳಿಗೂ ಇರುತ್ತದೆ. ಸೋತ ಆಟದ ಮೇಲೆ ಆಸೆ ಇರುವ ಮಕ್ಕಳು ಇಷ್ಟು ವರ್ಷದಲ್ಲಿ ನನಗೆ ಸಿಕ್ಕಿದ್ದು ನಾಲ್ಕೈದು. ಒಂದು ಎಚ್ಚರ: ಟೂರ್ನಿ ಹಾಲ್‌ನ ಬಾಗಿಲಲ್ಲೇ 'ಏನಾಯ್ತು, ಎಷ್ಟು ಪಾಯಿಂಟ್?' ಅಂತ ಕೇಳಬೇಡಿ. ಮೊದಲು ಏನಾದರೂ ತಿನ್ನಿಸಿ. ನಾಲ್ಕು ಗಂಟೆ ಕೂತು ಬಂದ ಮಗುವಿಗೆ ಹಸಿವಾಗಿರುತ್ತದೆ.

ಕೋಚ್‌ರನ್ನು ಈಗಲೇ ಬದಲಿಸಿ ಅಂತ ನಾನು ಹೇಳುವುದಿಲ್ಲ. ಯಾವ ಟೈಟಲ್, ಯಾವ ಟೂರ್ನಿಗಳು, ಒಟ್ಟು ಖರ್ಚು ಎಷ್ಟು ಅಂತ ಬರೆದುಕೊಡಿ ಅನ್ನಿ. ಬರೆದುಕೊಟ್ಟರೆ ಅದನ್ನು ಇಟ್ಟುಕೊಂಡು ಮಾತಾಡಬಹುದು. ಬರೆದುಕೊಡದಿದ್ದರೆ ಅದೂ ಒಂದು ಉತ್ತರವೇ.

ಒಂದು ಭಾನುವಾರ ಮಗಳನ್ನು ಕರೆದುಕೊಂಡು ಬನ್ನಿ, ತಾಯಿ. ಅತ್ತೆಯವರೂ ಬರಲಿ. ಬರುವಾಗ ಅವಳ ಹತ್ತು ಸ್ಕೋರ್‌ಶೀಟ್ ತನ್ನಿ. ಗೆದ್ದ ಆಟಗಳದ್ದು ಬೇಡ.